ತೀನವ್ವನ ಮಾತಿಗೆ ಕನ್ನಡದ ಸಾಲು

ಕೆರಿಬಿಯನ್ ಸಮುದ್ರದಲ್ಲಿ ಫ್ರಾನ್ಸ್‌ಗೆ ಸೇರಿದ ಮಾರ್ಟಿನಿಕ್ ದ್ವೀಪದ ಚಿತ್ರಕಥೆಗಾರ್ತಿ ಹಾಗೂ ನಿರ್ದೇಶಕಿ ಯೂಜಾನ್ ಪಾಲ್ಸಿ ಅವರ ‘ಶುಗರ್ ಕೇನ್ ಆಲಿ’ (1983) ಚಿತ್ರಕ್ಕೆ, ನಮ್ಮ ಚಿತ್ರಸಮಾಜದ ಪ್ರದರ್ಶನಕ್ಕೆಂದು ನಾನು ಕನ್ನಡ ಸಬ್‌ಟೈಟಲ್ ಬರೆದೆ. ಇಂಗ್ಲಿಷ್ ಸಬ್‌ಟೈಟಲ್ ಇಟ್ಟುಕೊಂಡೇ ಕೆಲಸ ಆರಂಭಿಸಿದ್ದೆ. ಆದರೆ ಫ್ರೆಂಚ್ ಬಲ್ಲ ಗೆಳತಿಯೊಬ್ಬರು ಜೊತೆಗೆ ಕುಳಿತು ಕೇಳಿಸಿದಾಗ, ಶಾಲೆಯ ಫ್ರೆಂಚ್ ಮತ್ತು ಕೂಲಿಕಾರರ ಆಡುನುಡಿಯಾದ ಕ್ರಿಯೋಲ್ ಎಂಬ ಎರಡು ನುಡಿಗಳು ಆ ಇಂಗ್ಲಿಷ್ ಸಾಲುಗಳಲ್ಲಿ ಒಂದೇ ಆಗಿಬಿಟ್ಟಿರುವುದು ತಿಳಿಯಿತು. ಪಾಲ್ಸಿ ಅವರ ಬರವಣಿಗೆಯ ನ್ಯಾಯಪ್ರಜ್ಞೆ ಇರುವುದು ಆ ಎರಡು ನುಡಿಗಳ ನಡುವಿನ ಅಂತರದಲ್ಲಿಯೇ ಎಂದು ನನಗೆ ಅನಿಸಿತು.

ಚಿತ್ರಕ್ಕೆ ಆಧಾರವಾದ ಜೋಸೆಫ್ ಜೊಬೆಲ್ ಅವರ 1950ರ ಕಾದಂಬರಿಯನ್ನು ಪಾಲ್ಸಿ ಓದಿದ್ದು ಹದಿನಾಲ್ಕರ ವಯಸ್ಸಿನಲ್ಲಿ. 1930ರ ದಶಕದ ಕಬ್ಬಿನ ತೋಟ, ಮೊಮ್ಮಗ ಜೋಸೆಯನ್ನು ಆ ಕೂಲಿಯಿಂದ ಪಾರುಮಾಡಿ ಓದಿಸಲು ಹೆಣಗುವ ಅಜ್ಜಿ: ಕಥೆ ಇಷ್ಟೇ. ಅಜ್ಜಿಯಾಗಿ ನಟಿಸಿದ ಡಾರ್ಲಿಂಗ್ ಲೆಜಿತಿಮುಸ್ ವೆನಿಸ್ ಉತ್ಸವದಲ್ಲಿ ಅತ್ಯುತ್ತಮ ನಟಿ ಎನಿಸಿಕೊಂಡರು.

ಮೊದಲ ಕರಡಿನಲ್ಲಿ ಅಜ್ಜಿಗೆ ನಮ್ಮ ಕಬ್ಬಿನ ಸೀಮೆಯ ಗ್ರಾಮ್ಯ ಭಾಷೆಯನ್ನು ಕೊಟ್ಟಿದ್ದೆ. ಪರೀಕ್ಷಾರ್ಥ ಪ್ರದರ್ಶನದಲ್ಲಿ ಆಕೆ ಬಾಯಿ ತೆರೆದಾಗಲೆಲ್ಲ ಜನ ನಕ್ಕರು. ಆ ಕರಡನ್ನು ಪೂರ್ತಿ ಕೈಬಿಟ್ಟು, ಆಕೆಗೆ ಚಿಕ್ಕ ಚಿಕ್ಕ ಅಚ್ಚಗನ್ನಡ ವಾಕ್ಯಗಳನ್ನೂ, ಮೇಷ್ಟರಿಗೆ ಪಠ್ಯಪುಸ್ತಕದ ಗ್ರಾಂಥಿಕ ವಾಕ್ಯಗಳನ್ನೂ ಬರೆದೆ. ಆಕೆಯ ಹೆಸರಾದ ಮಮ್ಮಾ ತೀನ್ ಎಂಬುದರಲ್ಲಿ ‘ಅಮ್ಮ’ ಎಂಬ ಕರೆ ಅಡಗಿದೆ. ನಿಂಗವ್ವ, ಗೌರವ್ವ ಎಂದು ಕರೆದು ರೂಢಿಯಿರುವ ನಮ್ಮ ನಾಲಿಗೆಗೆ ‘ತೀನವ್ವ’ ತಾನಾಗಿಯೇ ಒದಗಿತು. ಒತ್ತಕ್ಷರಗಳು ಕೆಳಸಾಲಿಗೆ ತಾಗದಂತೆ ಸಾಲುಗಳ ನಡುವಿನ ಅಂತರವನ್ನೂ ಹೆಚ್ಚಿಸಬೇಕಾಯಿತು.

ಅತ್ಯಂತ ಕಷ್ಟವಾದದ್ದು ಮುದುಕ ಮೆದೂಜ್ ಹೇಳುವ ಕಥೆ. 1848ರಲ್ಲಿ ಗುಲಾಮಗಿರಿ ರದ್ದಾದಾಗ ತೋಟ ಬಿಟ್ಟು ದ್ವೀಪವೆಲ್ಲ ಓಡಾಡಿದವರು, ನೆಲವೆಲ್ಲ ಬಿಳಿಯರದ್ದೇ ಆಗಿದ್ದರಿಂದ ಹಸಿದ ಹೊಟ್ಟೆಯಲ್ಲಿ ಅದೇ ಗುಡಿಸಲುಗಳಿಗೆ ಮರಳುತ್ತಾರೆ. ಒಡೆಯ ಈಗ ಧಣಿಯಾಗಿದ್ದಾನೆ, ಅಷ್ಟೇ. ಆ ಒಂದು ಪದದ ಬದಲಾವಣೆಗಾಗಿ ‘ಒಡೆಯ’, ‘ಯಜಮಾನ’, ‘ಧಣಿ’ ಮೂರನ್ನೂ ಪರದೆಯ ಮೇಲೆ ಹಾಕಿ ನೋಡಿದ್ದೇನೆ. ಕಥೆ ಶುರುವಾಗುವ ‘ಕ್ರಿಕ್’, ಕೇಳುವವನು ಮರುನುಡಿಯುವ ‘ಕ್ರಾಕ್’ ಎರಡನ್ನೂ ಅನುವಾದಿಸದೆ ಹಾಗೆಯೇ ಉಳಿಸಿದೆ.

ಬಡ ಕರಿಯರ ಬದುಕಿನ ಬಗ್ಗೆ ಜೋಸೆ ಬರೆದ ಪ್ರಬಂಧವನ್ನು ನಕಲು ಎಂದು ಮೇಷ್ಟರು ದೂರುವ ದೃಶ್ಯಕ್ಕೆ ಬಂದಾಗ ನನ್ನ ಕೈ ನಿಂತುಹೋಯಿತು. ತನ್ನವರ ಬಗ್ಗೆ ತಾನೇ ಚೆನ್ನಾಗಿ ಬರೆಯಬಲ್ಲೆನೆಂಬುದನ್ನು ಆ ಹುಡುಗ ಸಾಬೀತುಪಡಿಸಬೇಕಾಗುತ್ತದೆ. ಪಾಲ್ಸಿ 1989ರ ‘ಎ ಡ್ರೈ ವೈಟ್ ಸೀಸನ್’ ಚಿತ್ರದಲ್ಲಿ ಇದೇ ಕಾಳಜಿಯನ್ನು ದಕ್ಷಿಣ ಆಫ್ರಿಕಾದ ವರ್ಣಭೇದ ನೀತಿಯ ನಡುವೆ ಮುಂದುವರಿಸಿದರು. ಹಾಲಿವುಡ್‌ನ ದೊಡ್ಡ ಸ್ಟುಡಿಯೊ ಒಂದಕ್ಕೆ ಚಿತ್ರ ನಿರ್ದೇಶಿಸಿದ ಮೊದಲ ಕಪ್ಪು ಮಹಿಳೆ ಅವರೇ. ಗೌರವ ಆಸ್ಕರ್ ಬಂದದ್ದು 2022ರಲ್ಲಿ.

ಕೊನೆಯಲ್ಲಿ ಜೋಸೆ ತನ್ನ ಗುಡಿಸಲು ಸಾಲನ್ನು ಜೊತೆಗೊಯ್ಯುವೆನೆನ್ನುತ್ತಾನೆ. ಮೂಲದಲ್ಲಿರುವುದು ಬೀದಿ ಎಂಬ ಅರ್ಥದ ಪದ. ‘ಬೀದಿ’, ‘ಓಣಿ’ ಎರಡನ್ನೂ ಹೊಡೆದುಹಾಕಿ, ಇತರರು ದೂರವಿಟ್ಟವರ ನೆಲೆ ಎಂಬ ನೋವನ್ನು ನಮ್ಮ ನುಡಿಯಲ್ಲಿ ಹೊತ್ತಿರುವ ಪದವನ್ನೇ ಆರಿಸಿಕೊಂಡೆ: ‘ನನ್ನ ಕೇರಿಯನ್ನೂ ಕರೆದೊಯ್ಯುತ್ತೇನೆ.’