ಸೆಲ್ ಬೇರೆ, ಸೇಲ್ ಬೇರೆ

ಹಳೇ ಬೈಕು, ಹೊಲಿಗೆ ಮಷೀನು ಮಾರೋಕೆ ಈ ಗ್ರೂಪ್‌ನಲ್ಲಿ ಇಂಗ್ಲಿಷ್ ಪೋಸ್ಟ್ ಹಾಕುವವರಿಗೆ ಒಂದು ಮಾತು. ‘ಐ ವಾಂಟ್ ಟು ಸೇಲ್ ಮೈ ಬೈಕ್’ ಅಂತ ಬರೀಬೇಡಿ. ನಾನೂ ಹೋದ ವರ್ಷ ಹಾಗೇ ಬರೆದಿದ್ದೆ. ಮಗಳು ಬಿದ್ದು ಬಿದ್ದು ನಕ್ಕಳು.

ಮಾರೋದಕ್ಕೆ ಸೆಲ್, ಮಾರಾಟಕ್ಕೆ ಸೇಲ್. ನಮಗೆ ಎ, ಏ ಎರಡೂ ಇವೆಯಲ್ವಾ, ನೆನಪಿಡೋದು ಸುಲಭ. ಮಾರಿಯಾದ ಮೇಲೆ ಸೋಲ್ಡ್. ‘ಸೆಲ್ಡ್’ ಅನ್ನೋ ಮಾತೇ ಇಲ್ಲ.

ಬಳ್ಳಾರಿಯಲ್ಲಿ ಜೀನ್ಸ್ ಹೊಲಿದು ಹೊರಗೆ ಕಳಿಸುವವರು ಇದನ್ನೂ ಗಮನಿಸಿ. ‘ಫಾರ್ ಸೇಲ್’ ಅಂದ್ರೆ ಮಾರಾಟಕ್ಕಿದೆ, ಅಷ್ಟೇ. ‘ಆನ್ ಸೇಲ್’ ಅಂದ್ರೆ ಅಮೆರಿಕದವರು ರೇಟು ಇಳಿಸಿದ್ದಾರೆ ಅಂದುಕೊಳ್ಳುತ್ತಾರೆ. ಬ್ರಿಟನ್‌ನಲ್ಲಿ ಅದೇ ಮಾತಿಗೆ ಸಾಮಾನ್ಯವಾಗಿ ಅಂಗಡಿಯಲ್ಲಿ ಸಿಗುತ್ತದೆ ಅಂತ ಅರ್ಥ. ಪೂರ್ತಿ ರೇಟಿನ ಮಾಲಿಗೆ ಸುಮ್ನೆ ‘ಆನ್ ಸೇಲ್’ ಅಂತ ಬರೆದರೆ ಗಿರಾಕಿ ಡಿಸ್ಕೌಂಟ್ ಎಷ್ಟು ಅಂತ ಕೇಳಿಯೇ ಕೇಳುತ್ತಾನೆ. ಆಮೇಲೆ ಚೌಕಾಸಿ ಜಾಸ್ತಿ. ಹಬ್ಬದ ಹೊತ್ತಿಗೆ ನಮ್ಮ ಅಂಗಡಿಗಳ ಮುಂದೆ ತೂಗುವ ‘ಗ್ರ್ಯಾಂಡ್ ಸೇಲ್’ ಬಿಡಿ, ಅದು ರಿಯಾಯಿತಿ ಅಂತ ಎಲ್ಲರಿಗೂ ಗೊತ್ತು.

ಅನುಮಾನ ಬಂದರೆ ‘ಮಾರಾಟಕ್ಕಿದೆ’ ಅಂತ ಕನ್ನಡದಲ್ಲೇ ಹಾಕಿ. ಫೋಟೊ, ರೇಟು ಮಾತ್ರ ಮರೀಬೇಡಿ.