ಬಿಯರ್ಡೆಡ್ ಡ್ರ್ಯಾಗನ್ ಗಂಡೋ ಹೆಣ್ಣೋ: ಬಾಲದ ಬುಡ ನೋಡಿ ನಾನು ತಿಳಿದುಕೊಂಡ ಬಗೆ

ಮೆಲ್ಬರ್ನ್‌ನ ನಮ್ಮ ಮನೆಯಲ್ಲಿ ಎರಡು ಸೆಂಟ್ರಲ್ ಬಿಯರ್ಡೆಡ್ ಡ್ರ್ಯಾಗನ್‌ಗಳಿವೆ, ಅಂದರೆ ಕೊರಳಿನ ಚರ್ಮವನ್ನು ಗಡ್ಡದಂತೆ ಉಬ್ಬಿಸುವ ಹಲ್ಲಿಗಳು. ಒಂದೇ ತಾಯಿ ಒಂದೇ ಸಲಕ್ಕೆ ಇಟ್ಟ ಮೊಟ್ಟೆಗಳಿಂದ ಹುಟ್ಟಿದ ಇವೆರಡನ್ನೂ ಪರವಾನಗಿ ಇದ್ದ ಸಾಕಣೆಗಾರರೊಬ್ಬರಿಂದ ಕೊಂಡು ತಂದೆವು. ವಿಕ್ಟೋರಿಯಾ ರಾಜ್ಯದಲ್ಲಿ ಈ ಪ್ರಾಣಿಯನ್ನು ಸಾಕುವವರಿಗೂ ವನ್ಯಜೀವಿ ಪರವಾನಗಿ ಕಡ್ಡಾಯ. ಏಕೆಂದರೆ ಇದು ಆಸ್ಟ್ರೇಲಿಯಾದ ಒಳನಾಡಿನ ಒಣ ಬಯಲುಗಳ ಮೂಲನಿವಾಸಿ. ಮರಿಗಳನ್ನು ಕೊಡುವಾಗ ಸಾಕಣೆಗಾರರು ‘ಗಂಡು, ಹೆಣ್ಣು ಗುರುತಿಸಿಲ್ಲ’ ಎಂದು ಸ್ಪಷ್ಟವಾಗಿಯೇ ಹೇಳಿದ್ದರು. ಅಷ್ಟು ಸಣ್ಣ ಮರಿಯನ್ನು ತೋರಿಸಿ ‘ಇದು ಖಂಡಿತ ಗಂಡು’ ಎಂದು ಮಾರುವವರಿಗಿಂತ ಹೀಗೆ ಹೇಳುವವರನ್ನೇ ನಾನು ಹೆಚ್ಚು ನಂಬುತ್ತೇನೆ.

ಲಿಂಗ ತಿಳಿಯುವುದು ಬರಿಯ ಕುತೂಹಲದ ಮಾತಲ್ಲ. ಎರಡು ಗಂಡುಗಳನ್ನು ಒಂದೇ ಗಾಜಿನ ಪೆಟ್ಟಿಗೆಯಲ್ಲಿಟ್ಟರೆ ಅವು ಕಾದಾಡುತ್ತವೆ. ಗಂಡು ಹೆಣ್ಣನ್ನು ಒಟ್ಟಿಗಿಟ್ಟರೆ ಗಂಡು ಬಿಡದೆ ಬೆನ್ನಟ್ಟಿ ಹೆಣ್ಣನ್ನು ಬಳಲಿಸುತ್ತದೆ. ಅದಕ್ಕಿಂತ ಮುಖ್ಯವಾದ ಸಂಗತಿಯೆಂದರೆ, ಹೆಣ್ಣು ಗಂಡಿನ ಸಂಗವಿಲ್ಲದೆಯೂ ಬಲಿಯದ ಮೊಟ್ಟೆಗಳನ್ನು ಇಡಬಲ್ಲದು, ಮೊಟ್ಟೆಗಳು ಹೊಟ್ಟೆಯಲ್ಲೇ ಸಿಕ್ಕಿಕೊಂಡರೆ ಅದರ ಜೀವಕ್ಕೇ ಅಪಾಯ. ಆದ್ದರಿಂದ ಮೊದಲ ದಿನದಿಂದಲೇ ಎರಡನ್ನೂ ಬೇರೆ ಬೇರೆ ಪೆಟ್ಟಿಗೆಗಳಲ್ಲಿಟ್ಟು, ಅವು ಬೆಳೆಯುವವರೆಗೆ ಕಾದು, ನಿಧಾನವಾಗಿ ಗುರುತಿಸುವುದೆಂದು ನಿರ್ಧರಿಸಿದೆ.

ಕಾಯಬೇಕಾದ ಕಾಲ ಸಣ್ಣದಲ್ಲ. ಪಳಗಿದ ಕಣ್ಣಿರುವವರು ಮೂರು ನಾಲ್ಕು ತಿಂಗಳಿಗೇ ಸುಳಿವು ಹಿಡಿಯುತ್ತಾರೆ. ಮನೆಯಲ್ಲಿ ಸಾಕುವ ನಮ್ಮಂಥವರಿಗೆ ಎಂಟು ತಿಂಗಳಿನಿಂದ ಒಂದು ವರ್ಷದ ನಡುವಿನ ಕಾಲವೇ ಭರವಸೆಯದು. ಅಲ್ಲಿಯವರೆಗೆ ನಾನು ಆಗಾಗ ಎರಡರದೂ ಬಾಲದ ಬುಡದ ಫೋಟೊವನ್ನು ಒಂದೇ ದೀಪದ ಕೆಳಗೆ, ಒಂದೇ ಕೋನದಲ್ಲಿ ತೆಗೆದಿಟ್ಟುಕೊಳ್ಳುತ್ತಿದ್ದೆ. ಒಂದು ಪ್ರಾಣಿಯನ್ನು ಮಾತ್ರ ನೋಡುತ್ತಿದ್ದರೆ ಪ್ರತಿ ಉಬ್ಬೂ ಗಂಡಿನದೇ ಅನ್ನಿಸಬಹುದು. ಒಂದೇ ವಯಸ್ಸಿನ ಎರಡನ್ನು ಪಕ್ಕಪಕ್ಕ ಹೋಲಿಸಿದಾಗ ವ್ಯತ್ಯಾಸ ತಾನಾಗಿ ಎದ್ದು ಕಾಣುತ್ತದೆ. ಹೋಲಿಸಲು ಇನ್ನೊಂದು ಪ್ರಾಣಿ ಇಲ್ಲದವರು ಅದರದೇ ಹಳೆಯ ಫೋಟೊಗಳನ್ನು ಹೊಸದರೊಂದಿಗೆ ಇಟ್ಟು ನೋಡಬಹುದು.

ಪರೀಕ್ಷೆಗೆ ನಾನು ಆರಿಸಿಕೊಂಡದ್ದು ಸಂಜೆ, ಪೆಟ್ಟಿಗೆಯ ದೀಪ ಆರಿಸುವುದಕ್ಕೆ ಸ್ವಲ್ಪ ಮುಂಚಿನ ಹೊತ್ತು. ಆಗ ಪ್ರಾಣಿಯ ಮೈ ಇನ್ನೂ ಬೆಚ್ಚಗಿರುತ್ತದೆ, ಆದರೆ ಓಡಾಟ ಕಡಿಮೆಯಾಗಿರುತ್ತದೆ. ಹೊಟ್ಟೆ ತುಂಬ ತಿಂದ ಕೂಡಲೇ ಎತ್ತಿಕೊಳ್ಳಬಾರದು. ಎಡ ಮುಂಗೈಯ ಮೇಲೆ ಅದರ ಎದೆ ಹೊಟ್ಟೆಗಳು ಪೂರ್ತಿ ಊರುವಂತೆ, ತಲೆ ನನ್ನ ಮೊಣಕೈಯ ಕಡೆಗೆ ಬರುವಂತೆ ಮಲಗಿಸಿಕೊಂಡು, ನಾಲ್ಕು ಕಾಲಿಗೂ ಆಸರೆ ಸಿಕ್ಕ ಮೇಲೆ ಬಲಗೈಯ ಎರಡು ಬೆರಳುಗಳಿಂದ ಬಾಲವನ್ನು ಬುಡಕ್ಕೆ ಹತ್ತಿರದಲ್ಲಿ ಹಿಡಿದು ಮೆಲ್ಲನೆ ಮೇಲಕ್ಕೆತ್ತುತ್ತೇನೆ. ಬಾಲದ ತುದಿ ಹಿಡಿದು ಎತ್ತುವುದು ಕೂಡದು. ಚರ್ಮ ಬಿಗಿಯಾಗಿ ಉಬ್ಬುಗಳು ಕಾಣುವಷ್ಟು ಎತ್ತಿದರೆ ಸಾಕು. ನೇರಕ್ಕೆ ನಿಲ್ಲುವ ಮಟ್ಟವನ್ನು ದಾಟಿ ಬೆನ್ನಿನ ಕಡೆಗೆ ಬಗ್ಗಿಸಿದರೆ ಬೆನ್ನುಮೂಳೆಗೆ ಪೆಟ್ಟಾಗುವ ಸಂಭವವಿದೆ. ನಮ್ಮ ಊರಿನ ಮನೆಹಲ್ಲಿಯ ಬಾಲ ಕಳಚಿ ಬಿದ್ದರೂ ಮತ್ತೆ ಚಿಗುರುತ್ತದೆ, ಬಿಯರ್ಡೆಡ್ ಡ್ರ್ಯಾಗನ್ನಿನ ಬಾಲಕ್ಕೆ ಆ ಸೌಲಭ್ಯವಿಲ್ಲ. ಒಮ್ಮೆ ತುಂಡಾದರೆ ಜೀವಮಾನವಿಡೀ ಮೋಟು ಬಾಲವೇ. ಪ್ರಾಣಿ ಕೊಸರಾಡಿದರೆ ಆ ದಿನ ಬಿಟ್ಟುಬಿಡುತ್ತೇನೆ, ಏಕೆಂದರೆ ಈ ಕೆಲಸಕ್ಕೆ ಅವಸರವೇನೂ ಇಲ್ಲ.

ನೋಡಬೇಕಾದ ಜಾಗ ಹಿಂಗಾಲುಗಳ ನಡುವೆ ಅಡ್ಡ ಸೀಳಿನಂತೆ ಕಾಣುವ ವಿಸರ್ಜನಾ ದ್ವಾರದ ಹಿಂದೆ, ಬಾಲ ಶುರುವಾಗುವಲ್ಲಿದೆ. ಗಂಡು ಹಲ್ಲಿಗಳಿಗೂ ಹಾವುಗಳಿಗೂ ಜನನಾಂಗ ಒಂದಲ್ಲ, ಜೋಡಿ. ಹೆಮಿಪೀನಿಸ್ ಎಂದು ಕರೆಯುವ ಈ ಜೋಡಿ ಅಂಗಗಳು ಬಳಕೆಯಿಲ್ಲದಾಗ ಬಾಲದ ಬುಡದೊಳಗೆ ಎಡಕ್ಕೊಂದು ಬಲಕ್ಕೊಂದು ಮಡಚಿಕೊಂಡಿರುತ್ತವೆ. ಹಾಗಾಗಿ ಗಂಡಿನ ಬಾಲವನ್ನೆತ್ತಿದಾಗ, ಒದ್ದೆ ಬಟ್ಟೆಯ ಕೆಳಗೆ ನೆನೆಸಿದ ಎರಡು ಅವರೆಕಾಳುಗಳನ್ನು ಸ್ವಲ್ಪ ದೂರದೂರ ಇಟ್ಟಂತೆ ಎರಡು ಉಬ್ಬುಗಳೂ ಅವುಗಳ ನಡುವೆ ಒಂದು ತಗ್ಗೂ ಕಾಣುತ್ತವೆ. ಹೆಣ್ಣಿನಲ್ಲಿ ಆ ಜಾಗ ಸಮತಟ್ಟಾಗಿರುತ್ತದೆ, ಇಲ್ಲವೇ ದ್ವಾರಕ್ಕೆ ಅಂಟಿಕೊಂಡಂತೆ ನಟ್ಟನಡುವೆ ಒಂದೇ ಒಂದು ಸಣ್ಣ ಉಬ್ಬಿರುತ್ತದೆ. ಉಬ್ಬು ಇದೆಯೇ ಎಂದು ಕೇಳಿಕೊಳ್ಳುವುದಕ್ಕಿಂತ ನಡುವೆ ತಗ್ಗು ಇದೆಯೇ ಎಂದು ಕೇಳಿಕೊಳ್ಳುವುದು ಲೇಸು ಎಂಬುದು ನನ್ನ ಅನುಭವ. ಚೆನ್ನಾಗಿ ತಿಂದು ಬೆಳೆದ ಮರಿಗಳಲ್ಲಿ ಬಾಲದ ಬುಡಕ್ಕೆ ಕೊಬ್ಬು ತುಂಬಿಕೊಳ್ಳುವುದರಿಂದ ಉಬ್ಬು ಎರಡೂ ಲಿಂಗಗಳಲ್ಲಿ ಕಂಡೀತು. ನಡುವಿನ ಸ್ಪಷ್ಟ ತಗ್ಗು ಗಂಡಿನದು. ದೀಪವನ್ನು ನೇರವಾಗಿ ಮೇಲಿನಿಂದ ಹಾಕದೆ ಪಕ್ಕದಿಂದ ಹಾಕಿದರೆ ಈ ತಗ್ಗಿನಲ್ಲಿ ನೆರಳು ಬಿದ್ದು ನೋಟ ಸುಲಭವಾಗುತ್ತದೆ.

ನಮ್ಮ ಎರಡರಲ್ಲಿ ಒಂದರ ವಿಷಯ ಹೀಗೆಯೇ ಬಗೆಹರಿಯಿತು. ಇನ್ನೊಂದು ಕೊಂಚ ದಪ್ಪ. ಅದರ ವಿಷಯದಲ್ಲಿ ಟಾರ್ಚ್ ನೆರವಿಗೆ ಬಂತು. ಕೋಣೆಯನ್ನು ಕತ್ತಲು ಮಾಡಿ, ಬಿಸಿಯಾಗದ ಸಣ್ಣ ಎಲ್‌ಇಡಿ ಟಾರ್ಚನ್ನು ಬಾಲದ ಬುಡದ ಮೇಲ್ಭಾಗಕ್ಕೆ ಹಿಡಿದು, ಕೆಳಭಾಗದಿಂದ ನೋಡಬೇಕು. ಬೆಳಕು ಚರ್ಮದೊಳಗಿಂದ ಹಾಯ್ದು ಕೆಂಪಗೆ ಹೊಳೆಯುವಾಗ ಗಂಡಿನಲ್ಲಿ ದ್ವಾರದಿಂದ ಬಾಲದ ಕಡೆಗೆ ಎರಡು ಕಪ್ಪು ಪಟ್ಟಿಗಳು ಚಾಚಿಕೊಂಡಿರುವುದು ಕಾಣುತ್ತದೆ. ಹೆಣ್ಣಿನಲ್ಲಿ ಅಂಥ ಜೋಡಿ ಪಟ್ಟಿಗಳಿರುವುದಿಲ್ಲ. ಚರ್ಮ ತೆಳುವಾಗಿರುವ ಎಳೆಯ ಪ್ರಾಣಿಗಳಿಗೆ ಈ ವಿಧಾನ ಚೆನ್ನಾಗಿ ಒಗ್ಗುತ್ತದೆ, ಬಲಿತವುಗಳಲ್ಲಿ ಬೆಳಕು ಹಾಯುವುದು ಕಷ್ಟ. ಬೆಳಕು ಅದರ ಕಣ್ಣಿಗೆ ಬೀಳದಂತೆ ನೋಡಿಕೊಳ್ಳಬೇಕೆಂಬುದನ್ನು ಬೇರೆ ಹೇಳಬೇಕಾಗಿಲ್ಲ. ನಮ್ಮ ದಪ್ಪನೆಯದರಲ್ಲಿ ಪಟ್ಟಿಗಳು ಕಾಣಲಿಲ್ಲ.

ತೊಡೆಗಳ ಒಳಬದಿಯಲ್ಲಿ ಸಾಲಾಗಿರುವ ರಂಧ್ರಗಳು ಇನ್ನೊಂದು ಗುರುತು. ಇವು ಎರಡೂ ಲಿಂಗಗಳಲ್ಲಿ ಇರುತ್ತವೆ. ಬಲಿತ ಗಂಡಿನಲ್ಲಿ ದೊಡ್ಡದಾಗಿ, ಕಂದು ಮೇಣದಂಥ ವಸ್ತು ತುಂಬಿಕೊಂಡು ಎದ್ದು ಕಾಣುತ್ತವೆ, ಹೆಣ್ಣಿನಲ್ಲಿ ಸಣ್ಣ ಚುಕ್ಕೆಗಳಾಗಿಯೇ ಉಳಿಯುತ್ತವೆ. ಚಳಿಗಾಲದ ಮಂಪರು ಮುಗಿದು ಇಲ್ಲಿನ ವಸಂತ, ಅಂದರೆ ಸೆಪ್ಟೆಂಬರ್, ಶುರುವಾದ ಮೇಲೆ ನಮ್ಮ ಗಂಡಿನಲ್ಲಿ ಈ ವ್ಯತ್ಯಾಸ ಇನ್ನಷ್ಟು ಸ್ಪಷ್ಟವಾಯಿತು. ಆದರೂ ಇದನ್ನು ನಾನು ಬಾಲದ ಪರೀಕ್ಷೆಗೆ ಬೆಂಬಲವಾಗಿ ಮಾತ್ರ ಬಳಸುತ್ತೇನೆ.

ಗಡ್ಡದ ಬಣ್ಣವನ್ನು ಮಾತ್ರ ನೆಚ್ಚಿಕೊಳ್ಳುವುದು ಬೇಡ. ಕರ್ನಾಟಕದಲ್ಲಿ ಬೆಳೆದ ನಮಗೆ ಬೇಲಿಯ ಮೇಲೆ ಕತ್ತು ಕುಣಿಸುವ ಓತಿಕ್ಯಾತ ಗೊತ್ತು. ಬೆದೆಯ ಕಾಲದಲ್ಲಿ ಅದರ ಕೊರಳು ಕೆಂಪಾದರೆ ಅದು ಗಂಡೆಂದು ದೂರದಿಂದಲೇ ಹೇಳಬಹುದು. ಬಿಯರ್ಡೆಡ್ ಡ್ರ್ಯಾಗನ್ನೂ ಅದೇ ಅಗಾಮಿಡೇ ಕುಟುಂಬದ್ದಾದ್ದರಿಂದ ಇಲ್ಲಿಯೂ ಬಣ್ಣವೇ ತೀರ್ಪು ಹೇಳೀತೆಂದು ಮನೆಗೆ ಬಂದ ಕನ್ನಡದ ಗೆಳೆಯರು ಎಣಿಸುವುದುಂಟು. ಗಂಡಿನ ಗಡ್ಡ ಹೆಚ್ಚು ಕಪ್ಪಾಗುವುದೂ, ತಲೆ ಅಗಲವಾಗಿರುವುದೂ, ತಲೆಯನ್ನು ಜೋರಾಗಿ ಮೇಲೆ ಕೆಳಗೆ ಆಡಿಸುವುದೂ ನಿಜ. ಆದರೆ ಹೆದರಿದಾಗ, ಸಿಟ್ಟುಗೊಂಡಾಗ ಹೆಣ್ಣಿನ ಗಡ್ಡವೂ ಕಪ್ಪಾಗುತ್ತದೆ. ಮುಂಗಾಲೆತ್ತಿ ಕೈಬೀಸುವಂತೆ ಆಡಿಸುವ ಶರಣಾಗತಿಯ ಚೇಷ್ಟೆಯನ್ನು ಹೆಣ್ಣುಗಳಲ್ಲದೆ ಎಳೆಯ ಗಂಡುಗಳೂ ಮಾಡುತ್ತವೆ. ಮೈಯ ಗಾತ್ರವಂತೂ ಆಹಾರ, ಬಿಸಿಲು, ವಯಸ್ಸು ಎಲ್ಲದರ ಮೇಲೂ ನಿಂತಿದೆ.

ಈ ಪ್ರಾಣಿಯ ಲಿಂಗದ ಒಳಗುಟ್ಟು ಹೊರಗಿನ ಗುರುತುಗಳಿಗಿಂತಲೂ ಸ್ವಾರಸ್ಯಕರವಾದದ್ದು. ಮನುಷ್ಯರಲ್ಲಿ ಗಂಡಿಗೆ ಎರಡು ಬಗೆಯ ಲಿಂಗವರ್ಣತಂತುಗಳಿದ್ದರೆ (ಲಿಂಗ ನಿರ್ಧರಿಸುವ ಕ್ರೋಮೋಸೋಮ್‌ಗಳು), ಇವುಗಳಲ್ಲಿ ಹಕ್ಕಿಗಳಂತೆ ಹೆಣ್ಣಿಗೆ ಎರಡು ಬಗೆ: ಹೆಣ್ಣು ಝಡ್‌ಡಬ್ಲ್ಯೂ, ಗಂಡು ಝಡ್‌ಝಡ್. ಆದರೆ ಮೊಟ್ಟೆಗಳು ಸುಮಾರು 32 ಡಿಗ್ರಿ ಸೆಲ್ಸಿಯಸ್‌ಗಿಂತ ಹೆಚ್ಚಿನ ಬಿಸಿಯಲ್ಲಿ ಬೆಳೆದರೆ ಗಂಡಿನ ವರ್ಣತಂತುಗಳನ್ನು ಹೊತ್ತ ಭ್ರೂಣವೂ ಹೆಣ್ಣಾಗಿ ಬೆಳೆಯಬಹುದು. ಇಂಥ ಹೆಣ್ಣುಗಳು ಕಾಡಿನಲ್ಲಿಯೂ ಇರುವುದನ್ನು ಕ್ಯಾನ್‌ಬೆರಾ ವಿಶ್ವವಿದ್ಯಾಲಯದ ಸಂಶೋಧಕರನ್ನೊಳಗೊಂಡ ತಂಡವೊಂದು 2015ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿತು. ಅವು ಮೊಟ್ಟೆಯಿಟ್ಟು ಮರಿ ಮಾಡಬಲ್ಲವು. ಸಾಕುವವನ ದೃಷ್ಟಿಯಿಂದ ಇದರ ಅರ್ಥ ಇಷ್ಟೇ: ವರ್ಣತಂತು ಯಾವುದೇ ಇರಲಿ, ಮೊಟ್ಟೆಯಿಡುವ ದೇಹ ಹೆಣ್ಣಿನದು, ಆರೈಕೆಯೂ ಹೆಣ್ಣಿನದೇ ಆಗಬೇಕು. ವರ್ಣತಂತುವಿನ ಪರೀಕ್ಷೆಯೊಂದನ್ನೇ ನಂಬಿದರೆ ಇಂಥ ಹೆಣ್ಣು ಗಂಡೆಂದು ದಾಖಲಾಗಿಬಿಡುತ್ತದೆ, ಬಾಲದ ಬುಡ ಈ ವಿಷಯದಲ್ಲಿ ಹೆಚ್ಚು ಪ್ರಾಮಾಣಿಕ.

ನಮ್ಮ ದಪ್ಪನೆಯದು ಹೆಣ್ಣೆಂಬ ತೀರ್ಮಾನಕ್ಕೆ ಬಂದ ಕೂಡಲೇ ಅದಕ್ಕಾಗಿ ಒಂದು ಆಳವಾದ ಡಬ್ಬಿಯಲ್ಲಿ ಮಣ್ಣು ಮರಳು ಬೆರೆಸಿ, ಕೈಯಲ್ಲಿ ಹಿಡಿದರೆ ಉಂಡೆ ಕಟ್ಟುವಷ್ಟು ತೇವ ಮಾಡಿ, ಬಿಲ ತೋಡಿದರೆ ಕುಸಿಯದಂತೆ ಅದುಮಿ ಸಿದ್ಧಪಡಿಸಿದೆ. ಮುಂದಿನ ವಸಂತದಲ್ಲಿ ಅದು ತಿನ್ನುವುದನ್ನು ಕಡಿಮೆ ಮಾಡಿ ಪೆಟ್ಟಿಗೆಯ ಮೂಲೆಗಳನ್ನು ಕೆರೆಯತೊಡಗಿದಾಗ ಡಬ್ಬಿಗೆ ಬಿಟ್ಟೆವು. ತಾನೇ ತೋಡಿದ ಗುಂಡಿಯಲ್ಲಿ ಮೊಟ್ಟೆಗಳನ್ನಿಟ್ಟು ಮಣ್ಣು ಮುಚ್ಚಿತು. ಗಂಡಿನ ಜೊತೆ ಎಂದೂ ಸೇರಿಸದಿದ್ದ ಕಾರಣ ಅವು ಬಲಿಯುವ ಮೊಟ್ಟೆಗಳಲ್ಲ, ತೆಗೆದು ಬಿಸಾಡಿದೆವು. ಅಂದಿನಿಂದ ಅದರ ಹುಳುಗಳಿಗೆ ಕ್ಯಾಲ್ಸಿಯಂ ಪುಡಿ ಉದುರಿಸುವುದರಲ್ಲೂ ಯುವಿಬಿ (ಅತಿನೇರಳೆ ಕಿರಣದ) ದೀಪವನ್ನು ಕಾಲಕಾಲಕ್ಕೆ ಬದಲಿಸುವುದರಲ್ಲೂ ಹೆಚ್ಚು ಕಟ್ಟುನಿಟ್ಟಾಗಿದ್ದೇನೆ. ದಿನಗಟ್ಟಲೆ ತೋಡಿಯೂ ಮೊಟ್ಟೆಯಿಡದೆ ಮಂಕಾಗಿ ಬಿದ್ದುಕೊಂಡರೆ ಮನೆಮದ್ದಿಗೆ ಕಾಯದೆ ಸರೀಸೃಪಗಳನ್ನು ನೋಡುವ ಪಶುವೈದ್ಯರಲ್ಲಿಗೆ ಕರೆದೊಯ್ಯಬೇಕು.

ವರ್ಷ ದಾಟಿದರೂ ಅನುಮಾನ ಉಳಿದರೆ ಹೋಗಬೇಕಾದದ್ದೂ ಅವರಲ್ಲಿಗೇ. ದ್ವಾರದೊಳಗೆ ಕಡ್ಡಿ ಹಾಕಿ ನೋಡುವುದನ್ನಾಗಲಿ, ಬಾಲದ ಬುಡವನ್ನು ಬೆರಳಿನಿಂದ ಒತ್ತಿ ಅಂಗವನ್ನು ಹೊರಬರಿಸುವುದನ್ನಾಗಲಿ ಮನೆಯಲ್ಲಿ ಯಾರೂ ಪ್ರಯತ್ನಿಸಬಾರದು. ಹಾವುಗಳಿಗೆ ಬಳಸುವ ಆ ಕಡ್ಡಿಯ ವಿಧಾನ ಈ ಪ್ರಾಣಿಗಳಲ್ಲಿ ನಂಬಲರ್ಹವೂ ಅಲ್ಲ, ಒಳಗಿನ ಮೃದು ಭಾಗಗಳಿಗೆ ಗಾಯ ಮಾಡುವ ಅಪಾಯವೂ ಇದೆ. ಪರಿಣತ ವೈದ್ಯರು ಅಗತ್ಯವಿದ್ದರೆ ಅಲ್ಟ್ರಾಸೌಂಡ್ ಮಾಡಿ ಅಂಡಾಶಯವನ್ನೇ ನೋಡಿ ಹೇಳುತ್ತಾರೆ.