ಕತ್ತಿ ಕಿತ್ತುಹಾಕಿದ ಮೇಲೆ ನನ್ನ ಡಂಜನ್‌ಗೆ ಜೀವ ಬಂತು

ಕತ್ತಿ ಇಲ್ಲದ ಡಂಜನ್ ಕ್ರಾಲರ್ (ನೆಲಮಾಳಿಗೆಯ ಮಹಡಿಗಳಲ್ಲಿ ರಾಕ್ಷಸರನ್ನು ಎದುರಿಸುತ್ತಾ ಸಾಗುವ ವಿಡಿಯೊ ಗೇಮ್) ಯಾರು ಆಡ್ತಾರೆ ಅಂತ ಕೇಳದವರೇ ಇಲ್ಲ. ಒಬ್ಬ ಪಬ್ಲಿಷರ್ ಹತ್ತೇ ನಿಮಿಷಕ್ಕೆ ಕಾಲ್ ಮುಗಿಸಿದರು. ಈಗ ಆಟ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್‌ನಲ್ಲಿದೆ, ಹಾಕಿದ ದುಡ್ಡೂ ವಾಪಸ್ ಬಂದಿದೆ. ಅದಕ್ಕೇ ಬರೆಯುತ್ತಿದ್ದೇನೆ.

ಮೊದಲ ಒಂದೂವರೆ ವರ್ಷ ದಂಡ. ಗೊಡೊ ಅನ್ನುವ ಗೇಮ್ ಎಂಜಿನ್‌ನಲ್ಲಿ ಚೌಕಗಳ ಗ್ರಿಡ್, ಎಚ್‌ಪಿ (ಆಡುವವರ ಜೀವದ ಲೆಕ್ಕ), ಲೂಟ್ (ದಾರಿಯಲ್ಲಿ ಸಿಗುವ ಸಾಮಾನು) ಎಲ್ಲ ಮಾಮೂಲಿಯಂತೆ ಕಟ್ಟಿದ್ದೆ. ಇಂಥ ಆಟಗಳ ಮಾಮೂಲಿ ಕುಳ್ಳ ರಾಕ್ಷಸ ಗಾಬ್ಲಿನ್ ಇರಬೇಕಾದ ಕಡೆ ಜಪಾನಿ ಕಥೆಗಳ ಹೊಳೆ ದೆವ್ವ ಕಪ್ಪಾ, ಮೂಲೆಯಲ್ಲಿ ಒಂಟಿಕಾಲಿನ ಕೊಡೆ ದೆವ್ವ ಕಾಸಾ-ಒಬಾಕೆ. ಮಾಡೆಲ್‌ಗಳಿಗೇ ಹೆಚ್ಚುಕಡಿಮೆ 1.4 ಲಕ್ಷ ಕೊಟ್ಟೆ. ಡೆಮೊ ಆಡಿದ ಗೆಳೆಯ ಒಂದೇ ಮಾತು ಹೇಳಿದ: "ಇವೆಲ್ಲ ವೇಷ ಹಾಕಿದ ಗಾಬ್ಲಿನ್‌ಗಳು ಕಣೋ." ಆ ರಾತ್ರಿ ನಿದ್ದೆ ಬರಲಿಲ್ಲ.

ದಾರಿ ತೋರಿಸಿದ್ದು 'ನಾಳೆ ಬಾ'. ಅಜ್ಜಿ ಮನೆ ಬಾಗಿಲ ಮೇಲೆ ಸುಣ್ಣದಲ್ಲಿ ಬರೆದಿದ್ದರು. ದೆವ್ವ ಬರುತ್ತೆ, ಓದುತ್ತೆ, ವಾಪಸ್ ಹೋಗುತ್ತೆ. ಹೊಡೆದಾಟವೇ ಇಲ್ಲ, ಒಂದು ಕಟ್ಟಳೆ ಇದೆ, ದೆವ್ವ ಅದನ್ನು ಮೀರುವುದಿಲ್ಲ. ಜಪಾನಿನ ಯೋಕಾಯ್‌ಗಳೂ, ಅಂದರೆ ಅಲ್ಲಿನ ಜನಪದ ದೆವ್ವಗಳೂ, ಹಾಗೇ ಅಲ್ವಾ? ಕಪ್ಪಾನ ಶಕ್ತಿಯೆಲ್ಲ ನೆತ್ತಿಯ ಗುಳಿಯಲ್ಲಿರುವ ನೀರಿನಲ್ಲಿದೆ. ನೀವು ತಲೆ ಬಾಗಿದರೆ ಮರ್ಯಾದೆಗೆ ಅದೂ ಬಾಗುತ್ತದೆ, ನೀರು ಚೆಲ್ಲಿ ಹೋಗುತ್ತದೆ. ನುರಿಕಾಬೆ ರಾತ್ರಿ ದಾರಿಗೆ ಅಡ್ಡ ನಿಲ್ಲುವ ಕಾಣದ ಗೋಡೆ. ಕೋಲಿನಿಂದ ಬುಡಕ್ಕೆ ತಟ್ಟಿದರೆ ಮಾಯ, ಮೇಲೆ ಎಷ್ಟು ತಟ್ಟಿದರೂ ಕದಲುವುದಿಲ್ಲ.

ಅಟ್ಯಾಕ್ ಬಟನ್ ತೆಗೆದೆ. ಬಾಗು, ತಟ್ಟು, ಕಿವಿಗೊಡು, ಇಷ್ಟೇ ಉಳಿಸಿದೆ. ಎಚ್‌ಪಿ ಬದಲು ದೀಪ. ಜಪಾನಿನ ಎದೋ ಕಾಲದಲ್ಲಿ (1603–1868) ನೂರು ಬತ್ತಿ ಹಚ್ಚಿ, ಒಂದೊಂದು ದೆವ್ವದ ಕಥೆ ಮುಗಿದಾಗ ಒಂದೊಂದು ಬತ್ತಿ ಆರಿಸುವ ಆಟವಿತ್ತು, ಹ್ಯಾಕುಮೊನೊಗಾತಾರಿ. ಕೊನೆಯದು ಆರಿದರೆ ನಿಜವಾದ ದೆವ್ವ ಬರುತ್ತದೆ ಅಂತ ಎಷ್ಟೋ ಜನ 99ಕ್ಕೇ ನಿಲ್ಲಿಸುತ್ತಿದ್ದರು. ನನ್ನ ಆಟದಲ್ಲಿ ತಪ್ಪು ಮಾಡಿದಾಗಲೆಲ್ಲ ಒಂದು ಬತ್ತಿ ಆರುತ್ತದೆ. ಕತ್ತಲು ಜಾಸ್ತಿಯಾದಷ್ಟೂ ಹಳೇ ಲ್ಯಾಪ್‌ಟಾಪ್‌ಗಳಲ್ಲಿ ಆಟ ಹಗುರಾಗಿ ಓಡಿತು. ಆ ಲಾಭ ನಾನು ಎಣಿಸಿರಲಿಲ್ಲ.

ಶಬ್ದಕ್ಕೆ ಸ್ಟುಡಿಯೊದವರು 40 ಸಾವಿರ ಕೇಳಿದರು, ಹಾಗಾಗಿ ನಾನೇ ಮಾಡಲು ಕೂತೆ. ಅಜುಕಿ-ಅರಾಯ್ ಹೊಳೆ ದಂಡೆಯಲ್ಲಿ ಕಾಳು ತೊಳೆಯುವ ಯೋಕಾಯ್, ಕೇಳಿಸುತ್ತದೆ, ಕಾಣುವುದು ಅಪರೂಪ. ಅಕ್ಕಿ ತೊಳೆದು ನೋಡಿದೆ, ಸದ್ದು ತೀರಾ ಮೆತ್ತಗೆ. ಕಡಲೆ ವಿಪರೀತ ಗಡುಸು. ಕೊನೆಗೆ ಅಲಸಂದೆ ಕಾಳನ್ನು ಬಿದಿರಿನ ಮೊರದಲ್ಲಿ ಹಾಕಿ, ನೀರು ಚಿಮುಕಿಸಿ ತಿರುವಿದಾಗ ಸಿಕ್ಕಿತು ನೋಡಿ, ಶೊಕಿ ಶೊಕಿ ಅನ್ನುವ ಸದ್ದು. ಮೈಕ್ ಎಲ್ಲಿಟ್ಟೆ ಅನ್ನುವುದನ್ನು ಮಾತ್ರ ಹೇಳುವುದಿಲ್ಲ. ಹೆಡ್‌ಫೋನ್ ಹಾಕಿಕೊಂಡು ಆ ಸದ್ದಿನ ಜಾಡು ಹಿಡಿದೇ ಜನ ಮೂರನೇ ಮಹಡಿ ದಾಟುತ್ತಾರೆ. ಇದನ್ನು ಬೇರೆ ಯಾವ ಕ್ರಾಲರ್‌ನಲ್ಲೂ ನಾನು ಕಂಡಿಲ್ಲ.

ಒಟ್ಟು ಖರ್ಚು ಆರೂವರೆ ಲಕ್ಷದ ಹತ್ತಿರ. ಸ್ಟೀಮ್‌ಗೆ ಕಟ್ಟುವ 100 ಡಾಲರ್ ಇದರಲ್ಲಿ ಯಾವ ಲೆಕ್ಕ! ಮೊದಲ ಆರು ತಿಂಗಳಲ್ಲಿ ಸುಮಾರು 2,600 ಕಾಪಿ ಹೋದವು. ಸ್ಟೀಮ್‌ನವರ 30 ಪರ್ಸೆಂಟ್, ರಿಫಂಡ್, ಟ್ಯಾಕ್ಸ್, ನಾನು ಹಾಕಿದ ದುಡ್ಡು ಎಲ್ಲ ಕಳೆದು ಮೂರು ಲಕ್ಷ ಉಳಿಯಿತು.

ಹಳೇ ಮಾಡೆಲ್‌ಗಳಲ್ಲಿ ಆ ಕೊಡೆಯನ್ನು ಮಾತ್ರ ಇಟ್ಟುಕೊಂಡಿದ್ದೇನೆ. ನೂರು ವರ್ಷ ಕಳೆದ ಸಾಮಾನಿಗೆ ಜೀವ ಬಂದರೆ ಅದು ತ್ಸುಕುಮೊಗಾಮಿ. ಆಡುವವರು ಬೇಡವೆಂದು ಎಸೆದ ಸಾಮಾನು ನಾಲ್ಕು ಮಹಡಿ ಕೆಳಗೆ ಎದ್ದು ಬಂದು ಅವರನ್ನೇ ಹುಡುಕುವಂತೆ ಮಾಡುತ್ತಿದ್ದೇನೆ. ಮೊನ್ನೆ ಟೆಸ್ಟ್‌ನಲ್ಲಿ ಕೊಡೆ ಮೆಟ್ಟಿಲ ಬಳಿಯೇ ಸಿಕ್ಕಿಕೊಂಡಿತು. ಇವತ್ತು ರಾತ್ರಿ ಅದನ್ನೇ ಬಿಡಿಸಬೇಕು.